ನಾಯಿಯನ್ನು ನೋಡಿದವರು

ಕುಣಿಗಲ್ಲಿನಲ್ಲಿ ವಿಡಿಯೋ ತೆಗೆಯುತ್ತಿದ್ದ ನಾಗಭೂಷಣನಿಗೆ ಮದುವೆಮನೆಗಳು ಸಾಕಾಗಿದ್ದವು. ಎರಡು ಸಾವಿರದ ಐದರ ಬೇಸಿಗೆಯಲ್ಲಿ ಅವನು ಮಾತೇ ಇಲ್ಲದ ಒಂದು ಕಿರುಚಿತ್ರಕ್ಕೆ ಕೈಹಾಕಿದ. ಬಸ್‌ಸ್ಟ್ಯಾಂಡಿನ ಗೋಡೆ ಪಕ್ಕದಲ್ಲಿ, ಲಾರಿ ಬಡಿದು ಸೊಂಟ ಮುರಿದ ನಾಯಿಯೊಂದು ಬಿದ್ದಿತ್ತು. ಎದುರಿನ ಲಾಡ್ಜಿನ ಮಹಡಿಯಿಂದ, ಅದನ್ನು ನೋಡುವ ಜನರನ್ನಷ್ಟೇ ತೆಗೆಯುವುದು ಅವನ ಯೋಚನೆ. ಕ್ಯಾಮೆರಾ ಹಿಡಿದವಳು ಹೆಂಡತಿ ಶಶಿರೇಖಾ.

ಜನ ನಿಂತರು, ಲೊಚಗುಟ್ಟಿದರು, ಬಸ್ ಬಂದೊಡನೆ ಹತ್ತಿ ಹೋದರು. ಮಧ್ಯಾಹ್ನ ಹುಲಿಯೂರುದುರ್ಗದ ಬಸ್ಸಿಗೆ ಕಾಯುತ್ತಿದ್ದ ನಾಗಭೂಷಣನ ದೊಡ್ಡಮ್ಮ ಸಿದ್ದಗಂಗಮ್ಮ ಕ್ಯಾಮೆರಾಕ್ಕೆ ಸಿಕ್ಕಳು. ನಾಯಿಯನ್ನು ಕಂಡು, ಮೂಗಿಗೆ ಸೆರಗು ಹಿಡಿದು ತಿರುಗಿ ಹೋದವಳು, ಹೋಟೆಲಿನಿಂದ ಚೊಂಬಿನಲ್ಲಿ ನೀರು ತಂದಳು. ಅದರ ತಲೆ ಹಿಡಿದು ಕುಡಿಸುತ್ತ ಕೂತವಳಿಗೆ ಬಸ್ಸು ತಪ್ಪಿಹೋಯಿತು.

“ಕೆಳಗಡೆ ಹೋಗನಾ? ಆಟೋದಲ್ಲಿ ದನದ ಆಸ್ಪತ್ರೆಗೆ ಸಾಗ್ಸಬಹುದು,” ಎಂದಳು ಶಶಿರೇಖಾ.

“ನಾವು ಕೈ ಹಾಕಿದ್ರೆ ಎಲ್ಲ ಕೆಟ್ಟೋಗುತ್ತೆ ಕಣೇ. ತೆಗೀತಿರು.”

ತುಮಕೂರಿನ ಸಭಾಂಗಣವೊಂದರಲ್ಲಿ ಚಿತ್ರ ತೋರಿಸಿದ ದಿನ ಅವನು ದೊಡ್ಡಮ್ಮನನ್ನೂ ಕರೆಸಿ ಮುಂದಿನ ಸಾಲಿನಲ್ಲಿ ಕೂರಿಸಿದ. ಪರದೆಯ ಮೇಲೆ ಸಿದ್ದಗಂಗಮ್ಮ ಸೆರಗು ಹಿಡಿದು ತಿರುಗಿದಳು. ಅಷ್ಟೇ. ಮತ್ತೆ ಬರಲಿಲ್ಲ. “ವಯಸ್ಸಾದೋಳಿಗೂ ಕರುಳಿಲ್ಲ ನೋಡು,” ಎಂದು ಹಿಂದೆ ಯಾರೋ ಅಂದರು. ಕೊನೆಗೆ ಜೋರು ಚಪ್ಪಾಳೆ, ನಾಗಭೂಷಣನಿಗೆ ಶಾಲು.

ಹೊರಗೆ ಬಂದ ಮೇಲೆ ಅವಳು ಕೇಳಿದಳು. “ನೀರು ತರಕ್ಕೆ ತಾನೆ ಮಗ ನಾನು ತಿರುಗಿದ್ದು? ಅದನ್ಯಾಕೆ ಕತ್ತರಿಸ್ಬುಟ್ಟೆ?”

“ಯಾರೂ ಏನೂ ಮಾಡಲಿಲ್ಲ ಅನ್ನೋದೇ ಸಿನಿಮಾ ದೊಡ್ಡಮ್ಮ. ನಿಂದು ಹಾಕಿದ್ರೆ ಅದು ನಿಲ್ಲಲ್ಲ.”

“ಆ ನಾಯಿ ಏನಾಯ್ತು?”

ನಾಗಭೂಷಣ ಶಾಲು ಮಡಚತೊಡಗಿದ. ಶಶಿರೇಖಾ ಹೇಳಿದಳು: “ಸಂಜೆಗೆ ಸತ್ತೋಯ್ತು. ನಾವಿನ್ನೂ ಮೇಲಿಂದ ತೆಗೀತಾನೇ ಇದ್ವಿ.”

ಸಿದ್ದಗಂಗಮ್ಮ ನಾಗಭೂಷಣನ ಮುಖವನ್ನೇ ನೋಡಿದಳು. “ನಾನು ಕೂಗಿದ್ರೆ ಕೇಳ್ಸೋ ಅಷ್ಟು ಹತ್ರ ಇದ್ದೆ ನೀನು.”

ಅವನು ಮಡಚಿದ ಶಾಲನ್ನು ಕಂಕುಳಿಗೆ ಸಿಕ್ಕಿಸಿಕೊಂಡ.

ಚಿತ್ರ ಬೆಂಗಳೂರಿಗೂ ಮೈಸೂರಿಗೂ ಹೋಯಿತು, ಊರ ಕೇಬಲ್ ಟಿವಿಯಲ್ಲೂ ಬಂತು. ಹುಲಿಯೂರುದುರ್ಗದ ಸಂತೆಯಲ್ಲಿ ಜನ ಸಿದ್ದಗಂಗಮ್ಮನನ್ನು ಗುರುತು ಹಿಡಿದು ಮುಸಿಮುಸಿ ನಕ್ಕರು. ಮೊದಮೊದಲು ಆದದ್ದನ್ನು ವಿವರಿಸುತ್ತಿದ್ದಳು, ಯಾರೂ ನಂಬದ ಮೇಲೆ ಸುಮ್ಮನಾದಳು. ಶಶಿರೇಖಾ ಮತ್ತೆ ಕ್ಯಾಮೆರಾ ಮುಟ್ಟಲಿಲ್ಲ.

ಮುಂದಿನ ವರ್ಷ ಕೊತ್ತಗೆರೆಯಲ್ಲಿ ನೆಂಟರ ಗೃಹಪ್ರವೇಶ. ನಾಗಭೂಷಣ ಎಲ್ಲರೆದುರು ದೊಡ್ಡಮ್ಮನ ಕಾಲಿಗೆ ಬಗ್ಗಿದ. ಅವಳು ಕಾಲನ್ನು ಸೀರೆಯೊಳಗೆ ಎಳೆದುಕೊಂಡು, ಪಕ್ಕದವಳ ಜೊತೆ ಮಾತು ಮುಂದುವರಿಸಿದಳು.