ನಡುವೆ ಕೈ ಹಾಕಿ ನೋಡುವವರು

ನಿಜಲಿಂಗಪ್ಪನವರು ಯಾವ ಪುಸ್ತಕವನ್ನೂ ಮೊದಲನೆಯ ಪುಟದಿಂದ ಓದಿದವರಲ್ಲ. ಹೊಸ ಪುಸ್ತಕ ಕೈಗೆ ಬಂದೊಡನೆ ಅದನ್ನು ಮೇಜಿನ ಮೇಲೆ ನೆಟ್ಟಗೆ ನಿಲ್ಲಿಸಿ, ಬಲಗೈಯ ನಾಲ್ಕು ಬೆರಳುಗಳನ್ನು ಹಾಳೆಗಳ ನಡುವೆ ತೂರಿಸಿ, ಬೆರಳು ನಿಂತಲ್ಲಿ ತೆರೆದು, ಕಣ್ಣು ಕಿರಿದು ಮಾಡಿಕೊಂಡು ಐದಾರು ಪುಟ ಓದುವರು. ಮುನ್ನುಡಿಯನ್ನು ಮುಟ್ಟುವವರಲ್ಲ; ಹೊದಿಕೆಯ ಮೇಲಿನ ಹೊಗಳಿಕೆಯನ್ನು ಅಂಗೈಯಿಂದ ಮುಚ್ಚಿಬಿಡುವರು. “ಮ್ಯಾಲಿಂದು ಇರ್ಲಿ ತಂಗೀ, ನಡುವ ಏನೈತಿ?” ಎಂಬುದು ಅವರು ಗ್ರಂಥಾಲಯದ ಹೊಸ್ತಿಲು ದಾಟಿದೊಡನೆ ಕೇಳುತ್ತಿದ್ದ ಮಾತು. ಕುಶಲ ಕೇಳುವುದು ಆಮೇಲೆ.

ಈ ಅಭ್ಯಾಸ ಅವರಿಗೆ ಬಂದದ್ದು ಪುಸ್ತಕಗಳಿಂದಲ್ಲ, ಹತ್ತಿಯಿಂದ. ಗದಗಿನ ದಲಾಲಿ ಅಂಗಡಿಯೊಂದರಲ್ಲಿ ನಲವತ್ತು ವರ್ಷ ಹತ್ತಿಯ ಗುಣ ನೋಡುವ ಕೆಲಸ ಮಾಡಿದವರು ಅವರು. ಹತ್ತಿ ತುಂಬಿದ ಆಳೆತ್ತರದ ಗೋಣಿಮೂಟೆಗೆ ನಮ್ಮಲ್ಲಿ ಅಂಡಿಗೆ ಎನ್ನುತ್ತಾರೆ; ಅದರ ಬಾಯಲ್ಲಿ ಮಲ್ಲಿಗೆಯಂಥ ಹತ್ತಿ ಇರುತ್ತದೆ. ಮೊಳಕೈವರೆಗೆ ಕೈ ಇಳಿಸಿದರೆ ನೀರು ಚಿಮುಕಿಸಿ ತೂಕ ಏರಿಸಿದ ಹಸಿ ಹತ್ತಿ, ಕೆಲವೊಮ್ಮೆ ಕಲ್ಲು. ಒಂದು ಚಿಟಿಕೆ ಹಿರಿದು ಎರಡು ಹೆಬ್ಬೆರಳುಗಳ ನಡುವೆ ಎಳೆದು ನೋಡಿ “ಬ್ಯಾಡ” ಎಂದರೆ ಮುಗಿಯಿತು, ಅಂಡಿಗೆ ತಂದವನು ಸ್ವಂತ ಷಡ್ಡಕನಾದರೂ ಬ್ಯಾಡವೇ. ನಿವೃತ್ತರಾಗಿ ಮುಳಗುಂದದ ಬಳಿಯ ತಮ್ಮ ಊರಿಗೆ ಮರಳಿದ ಮೇಲೆ ಆ ಕೈ ಸುಮ್ಮನಿರಲಾರದೆ ನಮ್ಮ ಗ್ರಂಥಾಲಯಕ್ಕೆ ಬಂತು.

ಆ ಗ್ರಂಥಾಲಯವನ್ನು ನೋಡಿಕೊಳ್ಳುವ ನಾನಾದರೋ ಹಮ್ಮಿಗಿ ಎಂಬ ಹಳ್ಳಿಯ ಒಕ್ಕಲು ಮನೆಯಲ್ಲಿ ಹುಟ್ಟಿ, ನಮ್ಮ ಮನೆತನದಲ್ಲಿ ಮೊದಲು ಪದವಿ ಪಡೆದವಳು. ಅಚ್ಚಾದದ್ದೆಲ್ಲ ಖರೆ ಎಂದು ನಂಬಿ ಬೆಳೆದವಳು. ತಿಂಗಳಿಗೊಮ್ಮೆ ಗದಗಿನಿಂದ ಹೊಸ ಪುಸ್ತಕಗಳ ಕಟ್ಟು ಪರೀಕ್ಷೆಗೆಂದು ಬರುತ್ತಿತ್ತು. ಬೇಕಾದವನ್ನು ಇಟ್ಟುಕೊಂಡು ಉಳಿದವನ್ನು ಮರಳಿಸಬೇಕು. ಆರಿಸುವಾಗ ನನಗೆ ಎಲ್ಲವೂ ಬೇಕೆನಿಸುತ್ತಿತ್ತು. ಹೀಗಾಗಿ ಊರಿನವರು ಸೇರಿ ಆ ಕೆಲಸವನ್ನು ನಿಜಲಿಂಗಪ್ಪನವರಿಗೆ ವಹಿಸಿದರು. ಬೇಸಿಗೆಯಲ್ಲೂ ಬಿಡದ ಕಂದು ಕೋಟು ತೊಟ್ಟು, ಬಯಲಿನಲ್ಲಿಯೂ ಅಂಡಿಗೆಗಳ ಸಂದಿಯಲ್ಲಿ ನುಸುಳಿಕೊಂಡು ಬರುವವರಂತೆ ಒಂದು ಭುಜ ಮುಂದೆ ಮಾಡಿ ಓರೆಯಾಗಿ ನಡೆಯುತ್ತ ಅವರು ಬರುವರು. ಕೋಟಿನ ಎಡಜೇಬಿನಲ್ಲಿ ಯಾವಾಗಲೂ ಒಂದು ಹಿಡಿ ಹತ್ತಿ. ತಾವು ನೋಡಿದ ಪುಟದಲ್ಲಿ ಒಂದೇ ತಿರುವು ಕೊಟ್ಟ ಹತ್ತಿಯ ಎಳೆಯನ್ನು ಗುರುತಿಗೆ ಇಡುವರು. ಇಂದಿಗೂ ನಮ್ಮ ಕಪಾಟಿನ ಪುಸ್ತಕ ಕೊಡವಿದರೆ ಅಂಥದೊಂದು ಎಳೆ ಉದುರುತ್ತದೆ.

ಪತ್ತೇದಾರಿ ಕಾದಂಬರಿಗಳೆಂದರೆ ಅವರಿಗೆ ಒಳಗೊಳಗೇ ಪ್ರೀತಿ. ಆದರೆ ನಡುವಿನ ಹತ್ತು ಪುಟದಲ್ಲಿ ಕೊಲೆಗಾರ ಯಾರೆಂದು ತಮಗೆ ತಿಳಿದುಬಿಟ್ಟರೆ ಆ ಪುಸ್ತಕ ಬ್ಯಾಡ. “ಕೇಳದನ ಚಹಾ ತಂದು ಕೊಡಾಂವನ ಮ್ಯಾಲೆ ಕಣ್ಣಿಡು” ಎನ್ನುವರು. ಅವರ ಊಹೆ ಬಹುಸಲ ನಿಜವಾಗುತ್ತಿತ್ತು. ಇದನ್ನು ನಾನು ಅವರ ಹೆಂಡತಿ ಅಮೃತವ್ವನವರಿಗೆ ಹೇಳಿದಾಗ ಅವರು ಹುಣಸೆಹಣ್ಣು ಬಿಡಿಸುತ್ತಲೇ, “ಎಲ್ಲಾರ ಮ್ಯಾಲೂ ಸಂಶಯ ಮಾಡಿದ್ರ ಕಳ್ಳ ಒಬ್ಬಾಂವ ಸಿಕ್ಕ ಸಿಗ್ತಾನ್ ಬಿಡವಾ. ನಾ ತಂದ ಚಹಾನೂ ಮೂಸಿ ನೋಡಿ ಕುಡಿಯೋ ಗಂಡಸು ಅದು” ಎಂದಿದ್ದರು.

ನಾಯಕತ್ವ ಕಲಿಸುವ ಪುಸ್ತಕಗಳನ್ನು ಮಾತ್ರ ಅವರು ಹಿಂಬದಿಯಿಂದ ನೋಡುತ್ತಿದ್ದರು. ಅಲ್ಲಿ ಲೇಖಕರು ಎದೆಯ ಮೇಲೆ ಕೈಕಟ್ಟಿ ನಗುತ್ತಿರುವ ಭಾವಚಿತ್ರ. “ಕೈ ಕಟ್ಟಿ ನಿಂತಾಂವ ಕೆಲಸಾ ಹೆಂಗ ಮಾಡಸ್ತಾನ? ನಮ್ಮ ಹಮಾಲರ ಮುಖಂಡ ಮಾಶಾಕ ಇದ್ದ. ಮೂವತ್ತು ಮಂದಿ ಕಡಿಂದ ಲಾರಿ ತುಂಬಸ್ತಿದ್ದ. ಮೊದಲನೇ ಅಂಡಿಗಿಗೆ ಅವಂದ ಹೆಗಲು.” ಜಗತ್ತಿನ ರಾಜಕೀಯ ಕುರಿತ ಪುಸ್ತಕಗಳ ಮೇಲೆ ಅವರಿಗೆ ಸಂಶಯದೊಂದಿಗೆ ಒಂದು ಬಗೆಯ ಗೌರವವೂ ಇತ್ತು; ಹೆಸರು ಕೇಳದ ದೇಶದಲ್ಲಿ ಬಂದರು ಮುಚ್ಚಿದ ವಾರವೇ ಗದಗಿನ ಪೇಟೆಯಲ್ಲಿ ಹತ್ತಿ ಕೇಳುವವರಿಲ್ಲದೆ ಬಿದ್ದದ್ದನ್ನು ಕಣ್ಣಾರೆ ಕಂಡವರು. ಅಂಥ ಪುಸ್ತಕದ ಬಗ್ಗೆ ಅವರ ಪ್ರಶ್ನೆ ಒಂದೇ: “ಬರದಾಂವ ಅಲ್ಲಿ ನೀರು ಕುಡದಾನೇನು, ಇಲ್ಲಾ ವಿಮಾನದಾಗ ಕುಂತು ನೋಡ್ಯಾನೋ?”

ಅವರು ಅತ್ಯಂತ ಕಠಿಣರಾಗುತ್ತಿದ್ದುದು ಮಕ್ಕಳ ಕತೆಗಳ ವಿಷಯದಲ್ಲಿ. ಕಾರಣ ಮೊಮ್ಮಗಳು ಭಾಗ್ಯಾ. ಆರನೆಯ ತರಗತಿಯ ಆ ಹುಡುಗಿ ದಿನಾಲೂ ಶಾಲೆ ಬಿಟ್ಟ ಮೇಲೆ ಪಡಸಾಲೆಯಲ್ಲಿ ಅಜ್ಜನ ಪಕ್ಕ ಕುಳಿತು ಗಟ್ಟಿಯಾಗಿ ಓದುತ್ತಿದ್ದಳು. ಆ ಒಂದು ತಾಸು ಮಾತ್ರ ನಿಜಲಿಂಗಪ್ಪನವರು ಯಾರನ್ನೂ ಸಂಶಯಿಸದೆ ಕಣ್ಣು ಮುಚ್ಚಿ ಕೂರುತ್ತಿದ್ದರು. ಕಳೆದ ವರ್ಷದ ಒಂದು ಕಟ್ಟಿನಲ್ಲಿ ಮಕ್ಕಳ ಕಾದಂಬರಿಯೊಂದು ಬಂತು. ಅದರ ಹೊದಿಕೆಯ ಮೇಲಿನ ನವಿಲಿನ ಚಿತ್ರಕ್ಕೆ ಭಾಗ್ಯಾ ಮರುಳಾಗಿದ್ದಳು. ಅಜ್ಜ ನಡುವೆ ಬೆರಳು ತೂರಿಸಿದರು. ಅಲ್ಲಿ ಒಬ್ಬ ಹುಡುಗಿ ಕಣ್ಣು ಕಾಣದ ತನ್ನ ಅಜ್ಜನಿಗೆ, ಎದುರು ಮನೆಯ ಮಾಳಿಗೆಯ ಮೇಲೆ ನವಿಲು ಕುಳಿತಿದೆ ಎಂದು ಸುಳ್ಳು ಹೇಳುತ್ತಾಳೆ; ಅಜ್ಜ ನಂಬುತ್ತಾನೆ. “ಹಿರ್ಯಾರಿಗೆ ಮೋಸಾ ಮಾಡೂದು ಕಲಸ್ತೈತಿ. ಬ್ಯಾಡ” ಎಂದು ಮುಚ್ಚಿದರು.

ಮರುದಿನದಿಂದ ಭಾಗ್ಯಾ ಪಡಸಾಲೆಗೆ ಬರಲಿಲ್ಲ. ಶಾಲೆಯ ಕೆಲಸವಿದೆ ಎಂದಳು, ತಲೆನೋವು ಎಂದಳು. ಮೂರು ದಿನ ಬಿಟ್ಟು ಒಬ್ಬಳೇ ನನ್ನ ಬಳಿ ಬಂದು ಆ ಪುಸ್ತಕದ ಎದುರು ನಿಂತಳು. ಮರಳಿಸಬೇಕಾದ ಪುಸ್ತಕವನ್ನು ನಾನು ನನ್ನ ಹೆಸರಿನಲ್ಲಿ ಇರಿಸಿಕೊಂಡು ಅವಳ ಚೀಲಕ್ಕೆ ಹಾಕಿದೆ. ಹಾಗೆ ಮಾಡಬಾರದಿತ್ತೇನೋ. ಮುಂದಿನ ದಿನಗಳಲ್ಲಿ ನಿಜಲಿಂಗಪ್ಪನವರು ಗ್ರಂಥಾಲಯಕ್ಕೆ ಬಂದು ಪುಸ್ತಕ ನೋಡದೆ ನನ್ನನ್ನೇ ನೋಡತೊಡಗಿದರು. “ಫೋನಿನ್ಯಾಗ ಏನ್ ನೋಡ್ತಾಳೋ ಆಕಿ. ನಿನಗೇನರ ಹೇಳ್ಯಾಳೇನು?” ಎಂದು ಕೇಳುವರು. ಇಲ್ಲರಿ ಎಂದರೆ, ಎರಡು ಹೆಬ್ಬೆರಳುಗಳ ನಡುವೆ ನನ್ನ ಮಾತನ್ನೇ ಎಳೆದು ನೋಡುವವರಂತೆ ಮುಖ ದಿಟ್ಟಿಸುವರು. ಮೊಮ್ಮಗಳು ಓದಿ ಹೇಳುತ್ತಿದ್ದ ಅವರ ಸಂಜೆಯ ತಾಸು ಬರಿದಾಗಿತ್ತು. ಕೋಟು ಕೂಡ ಅವರ ಮೇಲೆ ಸಡಿಲವಾದಂತೆ ಕಾಣುತ್ತಿತ್ತು.

ಹದಿನೈದು ದಿನಗಳಾದ ಮೇಲೆ ಒಂದು ಬೆಳಿಗ್ಗೆ, ನಾನು ಇನ್ನೂ ಕಸ ಗುಡಿಸುತ್ತಿರುವಾಗಲೇ ಬಂದು ಬೆಂಚಿನ ಮೇಲೆ ಕುಳಿತರು.

“ನಮ್ಮ ಮನ್ಯಾಗ ಎರಡು ಅಂಡಿಗಿ ಹತ್ತಿ ಐತಿ. ದಿನಾ ಮುಂಜಾನೆ ನಡುವ ಕೈ ಹಾಕಿ ಕಾವು ನೋಡ್ತೀನಿ, ಹಸಿ ಇದ್ರ ಒಳಗ ಬೆಚ್ಚಗಾಗ್ತೈತಿ” ಎಂದರು.

“ಹೌದ್ರಿ ಅಜ್ಜಾರ.”

“ಪ್ಯಾಟ್ಯಾಗ ಕಲ್ಲು ಸಿಕ್ಕಾವ. ಒಮ್ಮೆ ಬೆಕ್ಕಿನ ಮರಿ ಸಿಕ್ಕಿತ್ತು. ಪುಸ್ತಕ ಸಿಕ್ಕಿದ್ದು ಇದ ಮೊದಲ.”

ನನ್ನ ಕೈಯ ಕಸಬರಿಗೆ ನಿಂತಿತು. “ಕೊಟ್ಟಾಕಿ ನೀನ” ಎಂದರು. ಹೌದೆಂದೆ. ಬಯ್ಯಲಿಲ್ಲ. ಜೇಬಿನ ಹತ್ತಿಯನ್ನು ತೆಗೆದು ಹಿಂಜುತ್ತ ಕುಳಿತರು.

“ಓದಿದ್ರೇನ್ರಿ?” ಎಂದು ನಾನೇ ಕೇಳಿದೆ.

“ಮೊದಲನೇ ಪುಟದಿಂದ” ಎಂದರು, ತಪ್ಪೊಪ್ಪಿಕೊಳ್ಳುವ ದನಿಯಲ್ಲಿ. “ಆ ಮುದುಕಗ ಮೊದಲಿಂದಾನೂ ಗೊತ್ತಿರ್ತೈತಿ, ನವಿಲು ಇಲ್ಲ ಅಂತ. ಹುಡುಗಿ ಬಂದು ಬಾಜೂಕ ಕುಂಡ್ರಲಿ ಅಂತ ನಂಬಿದಂಗ ಮಾಡ್ತಾನ. ನಾ ತೆಗದ ಪುಟದಾಗ ಅದು ಇರಲಿಲ್ಲ.” ಆಮೇಲೆ, ನನಗಿಂತ ಹೆಚ್ಚಾಗಿ ಹತ್ತಿಗೆ ಹೇಳುವಂತೆ, “ಮಂದಿ ಅಂಡಿಗಿ ನಡುವ ಯಾಕ ಮುಚ್ಚಿಡ್ತಿದ್ರು? ಮ್ಯಾಲಿಟ್ರ ನಾ ಬ್ಯಾಡ ಅಂತಿದ್ದೆ” ಎಂದರು.

ಪುಸ್ತಕವನ್ನು ಅವರು ಇದ್ದ ಜಾಗದಲ್ಲಿಯೇ, ಇದ್ದ ಓರೆಯಲ್ಲಿಯೇ ಮರಳಿ ಇಟ್ಟು ಬಂದಿದ್ದರು. “ಇಂಥಾದ್ದ ಇನ್ನೊಂದು ಕೊಡು. ಆಕಿಗೆ ಹೇಳಬ್ಯಾಡ” ಎಂದು ಕೈಚಾಚಿದರು. ನಾನು ಕೊಟ್ಟ ಪುಸ್ತಕವನ್ನು ಅಂಡಿಗೆಯೊಳಗೆ ಹಳೆಯದರ ಪಕ್ಕ ಇರಿಸಿದರಂತೆ. ಎರಡು ದಿನದಲ್ಲಿ ಅದು ಮಾಯವಾಯಿತು. ವಾರದಲ್ಲಿ ಮರಳಿ ಬಂತು. ಹೀಗೆ ಎರಡು ತಿಂಗಳು ಅಜ್ಜ ಮೊಮ್ಮಗಳಿಬ್ಬರೂ ಒಂದು ಮಾತಾಡದೆ ಹತ್ತಿಯ ಹೊಟ್ಟೆಯೊಳಗೆ ಪುಸ್ತಕ ಕೊಟ್ಟು ತೆಗೆದುಕೊಂಡರು. ಪೇಟೆಯಲ್ಲಿ ಒಳ್ಳೆಯ ಧಾರಣೆ ಬಂದು ಊರಿನವರೆಲ್ಲ ಹತ್ತಿ ಮಾರಿದರೂ ಆ ಅಂಡಿಗೆ ಅಲುಗಲಿಲ್ಲ. “ಇನ್ನಾ ಏರ್ತೈತಿ ಅಂತಾರ್ರೀ ಮಾವಾರು. ಪಡಸಾಲಿ ತುಂಬ ಇಲಿ ಆಗ್ಯಾವ” ಎಂದು ಸೊಸೆ ಸಪ್ನಾ ನನ್ನ ಮುಂದೆ ಗೊಣಗಿದಳು.

ಒಂದು ಸಂಜೆ ಅವರು ಭಾಗ್ಯಾ ಅಂಡಿಗೆಗೆ ಮರಳಿಸಿದ್ದ ಪುಸ್ತಕವೊಂದನ್ನು ತಂದು, ತೆರೆದು ನನ್ನ ಮುಂದೆ ಹಿಡಿದರು. ಪುಟಗಳ ನಡುವೆ ಹತ್ತಿಯ ಎಳೆ. “ನಾ ಇಟ್ಟಿದ್ದಲ್ಲ. ನಂದು ಒಂದ ತಿರುವು, ಇದಕ್ಕ ಎರಡು. ನಾ ಓದ್ತೀನೋ ಇಲ್ಲೋ ಅಂತ ಪರೀಕ್ಷಾ ಮಾಡಾಕತ್ತಾಳ, ಸಂಶಯಪಿಶಾಚಿ” ಎಂದರು. ಬೇರೊಬ್ಬರ ಬಗ್ಗೆ ಆ ಮಾತನ್ನು ಅಷ್ಟು ಹೆಮ್ಮೆಯಿಂದ ಆಡಿದವರನ್ನು ನಾನು ಕಂಡಿಲ್ಲ. ಎಳೆಯನ್ನು ಇದ್ದಂತೆಯೇ ಉಳಿಸಿ, ಅದರ ಪಕ್ಕದಲ್ಲಿ ತಮ್ಮದೊಂದನ್ನು ಇಟ್ಟರು.

ಮುಂದಿನ ಕಟ್ಟು ಬಂದ ದಿನ ಅವರೊಂದಿಗೆ ಭಾಗ್ಯಾ ಕೂಡ ಬಂದಳು. ಅಜ್ಜನಿಗಿಂತ ಮೊದಲು ಮೇಲಿನ ಪುಸ್ತಕವನ್ನು ಎತ್ತಿ, ನೆಟ್ಟಗೆ ನಿಲ್ಲಿಸಿ, ನಾಲ್ಕು ಬೆರಳು ತೂರಿಸಲು ಹೊರಟಳು. ಅಜ್ಜ ಅವಳ ಮಣಿಕಟ್ಟು ಹಿಡಿದು, “ಮೊದಲಿಂದ ಓದವಾ” ಎಂದರು.

“ಯಾಕಜ್ಜಾ, ನಡುವ ಏನೈತಿ?” ಎಂದಳು ಅವಳು.

ನಿಜಲಿಂಗಪ್ಪನವರು ಬೆಂಚಿನ ಮೇಲೆ ಓರೆಯಾಗಿ ಕುಳಿತು ಕಣ್ಣು ಮುಚ್ಚಿದರು. ಅವಳು ಪಕ್ಕದಲ್ಲಿ ಕುಳಿತು ಮೊದಲನೆಯ ಪುಟ ತೆರೆದು ಗಟ್ಟಿಯಾಗಿ ಓದತೊಡಗಿದಳು. ಆ ವಾರ ಅಂಡಿಗೆಗಳು ಪೇಟೆಗೆ ಹೋದವು.

ಲೋಕ ಇಂಥವರನ್ನು ನಂಬಿಕೆಗೆಟ್ಟವರೆಂದು ಕರೆಯುತ್ತದೆ. ನಾನು ಅಚ್ಚಾದದ್ದನ್ನೆಲ್ಲ ನಂಬಿದವಳು. ನಂಬಿದ್ದೇನೆಂಬ ನೆಮ್ಮದಿಯಲ್ಲಿ ಎಷ್ಟೋ ಪುಸ್ತಕಗಳನ್ನು ಹೊದಿಕೆ ನೋಡಿಯೇ ಕಪಾಟಿಗೆ ಇಟ್ಟವಳು. ಸಂಶಯಪಡುವ ಮನುಷ್ಯನಾದರೋ ಹೊದಿಕೆಯನ್ನು ದಾಟಿ ಕೈ ಇಳಿಸುತ್ತಾನೆ. ಅವನ ಕೈಗೆ ಹಸಿ ಹತ್ತಿ ಸಿಗುತ್ತದೆ, ಕಲ್ಲು ಸಿಗುತ್ತದೆ. ತನ್ನ ಸಂಶಯಕ್ಕೆ ಹೆದರಿ ತನ್ನವರೇ ಅಡಗಿಸಿಟ್ಟದ್ದೂ ಒಂದು ದಿನ ಸಿಗುತ್ತದೆ. ಅದನ್ನು ಹೊರಗೆಳೆದು ಹತ್ತು ಜನರಿಗೆ ತೋರಿಸುವವರೇ ಹೆಚ್ಚು. ಓದಿ ನೋಡಿ, ಇದ್ದ ಜಾಗದಲ್ಲಿ ಇದ್ದ ಓರೆಯಲ್ಲೇ ಮರಳಿ ಇಡುವವರು ಅಪರೂಪ.