ಬೇಲಿಯಾಚೆ ನಿಂತವಳ ಹೊಲ

ಅಡೆರೋ ಬೆಳಗಾಗುತ್ತಲೇ ಹೊಲಕ್ಕೆ ಹೋಗಿ ಕಳೆ ಕೀಳುವಳು. ಮಧ್ಯಾಹ್ನ ಇಬ್ಬರು ಹೆಣ್ಣುಮಕ್ಕಳಿಗೆ ಮೆಕ್ಕೆಜೋಳದ ಮುದ್ದೆ ತಿರುವಿ, ಒಣಮೀನಿನ ಸಾರು ಬಡಿಸುವಳು. ಗಂಡ ತೀರಿಕೊಂಡ ಮೇಲೂ ಅದೇ ಹೊಲ, ಅದೇ ದುಡಿಮೆ. ಆದರೆ ಯಾರ ಮನೆಗೂ ಅವಳು ಕಾಲಿಡುವಂತಿರಲಿಲ್ಲ. ಗಂಡನ ತಮ್ಮನ ಕೈಹಿಡಿಯುವವರೆಗೆ ವಿಧವೆಯ ಮೈಗೆ ಸಾವು ಅಂಟಿರುತ್ತದೆಂದು ನಮ್ಮ ಲುವೊ ಜನರ ನಂಬಿಕೆ. ಪಕ್ಕದ ಮನೆಯ ಟೀಚರ್ ನಾನು. ಎಷ್ಟು ಕರೆದರೂ ಬೇಲಿಯಾಚೆಯೇ ನಿಂತು ಮಾತಾಡಿ ಹೋಗುವಳು. ಹೇಳಿ ಹೇಳಿ ನನ್ನ ಬಾಯಿ ಸೋತಿತ್ತು.

ಹೆದ್ದಾರಿಗೆಂದು ಸರ್ಕಾರ ಆ ಹೊಲ ವಶಪಡಿಸಿಕೊಂಡಿತು. ಪರಿಹಾರ ಯಾರಿಗೆಂಬ ವಿಚಾರಣೆಯನ್ನು ಯಾವ ಪುಣ್ಯಾತ್ಮನೋ ಕುಲದ ಹಿರಿಯ ನ್ಯಾಗುದಿಯ ಅಂಗಳದಲ್ಲಿಟ್ಟ. ಅಡೆರೋ ಬಿಸಿಲಿನಲ್ಲಿ ಬೇಲಿಯಾಚೆ ನಿಂತೇ ಇದ್ದಳು. ಗಂಡನ ತಮ್ಮನಲ್ಲದೆ ಬೇರೆ ಹಕ್ಕುದಾರರಿದ್ದಾರೆಯೇ ಎಂದು ಭೂಸ್ವಾಧೀನದ ಅಧಿಕಾರಿ ಕೇಳಿದಾಗ ಒಳಗೆ ಯಾರೂ ಬಾಯಿಬಿಡಲಿಲ್ಲ. ಪರಿಹಾರ ಮೈದುನ ಓಲಾಲ್‌ನ ಹೆಸರಿಗಾಯಿತು.

ಸುದ್ದಿ ಕೇಳಿ ನ್ಯಾಗುದಿಯ ಬಳಿ ಹೋದೆ.

"ಓಲಾಲ್ ಅವಳ ಕೈಹಿಡಿದು ಅವಳ ಮನೇಲಿ ಕೋಟು ತಗುಲಿಹಾಕ್ಲಿ, ದುಡ್ಡೂ ಅಲ್ಲಿಗೇ ಬರುತ್ತೆ. ನಿಂದೇನಮ್ಮ ರಗಳೆ?" ಎಂದ ಮುದುಕ.

"ಅವಳಿಗೆ ಅವನು ಬೇಡ ಅಜ್ಜ. ಗಂಡ ಸತ್ರೆ ಹೊಲ ಹೆಂಡ್ತಿ ಮಕ್ಕಳಿಗೆ ಅನ್ನುತ್ತೆ ಕಾನೂನು. ನ್ಯಾಯಮಂಡಳಿಗೆ ಹೋದ್ರೆ ದುಡ್ಡು ತಡೀತಾರೆ."

"ನಾಳೆ ಕಾನೂನು ಬಂದು ಅವಳ ಹೆಣ ಹೂಳುತ್ತಾ?"

ಸುಸ್ತಾಗಿ ಮನೆಗೆ ಬಂದೆ.

ಅಡೆರೋ ಬೇಲಿಯ ಹತ್ತಿರ ಕಾದಿದ್ದಳು. "ಟೀಚರ್, ನೀವು ಹೇಳಿದ ಆ ನ್ಯಾಯಮಂಡಳಿ ಒಳಗೆ ನಾನು ಹೋಗ್ಬಹುದಾ?"

"ಹೋಗ್ಬಹುದು ಕಣೇ."

"ಹಂಗಾದ್ರೆ ಹೋಗೋಣ. ಆ ದುಡ್ಡಲ್ಲಿ ಮಕ್ಕಳಿಗೆ ಇನ್ನೊಂದು ತುಂಡು ನೆಲ ಕೊಳ್ಳದೇ ಹೋದ್ರೆ ಓಲಾಲ್ ಬಾಗ್ಲಲ್ಲಿ ಬಿದ್ದಿರ್ಬೇಕು."

ನ್ಯಾಯಮಂಡಳಿಯಿರುವ ಕಿಸುಮು ಪಟ್ಟಣಕ್ಕೆ ವರ್ಷವೆಲ್ಲ ಅಲೆದೆವು. ಒಮ್ಮೆ ವಕೀಲರಿಲ್ಲ, ಒಮ್ಮೆ ಮಂಡಳಿಯ ಸದಸ್ಯರಿಲ್ಲ. ಅಷ್ಟರಲ್ಲಿ ಹೊಲದ ಮೇಲೆ ಡಾಂಬರು ಬಿತ್ತು. ಕೊನೆಗೆ ಮಂಡಳಿ ಪರಿಹಾರವನ್ನು ತಡೆಹಿಡಿದು, ಅವಳ ಮಾತು ಕೇಳಿ ಮತ್ತೆ ವಿಚಾರಿಸಿ ಎಂದಿತು. ಅಧಿಕಾರಿ ಆ ವಿಚಾರಣೆಯನ್ನೂ ನ್ಯಾಗುದಿಯ ಅಂಗಳದಲ್ಲೇ ಇಟ್ಟ. ನನಗೆ ಅಳುವೇ ಬಂತು. ಬೇರೆ ಕಡೆ ಇಡಲು ಅರ್ಜಿ ಹಾಕೋಣ ಎಂದೆ.

"ಇನ್ನೊಂದು ವರ್ಷ ಅಲೀಬೇಕಾ? ಆಗಲ್ಲ ಟೀಚರ್."

ವಿಚಾರಣೆಯ ದಿನ ಅಡೆರೋ ಅಂಗಳದ ಗೇಟು ತಳ್ಳಿಕೊಂಡು ಒಳಗೆ ಬಂದಳು. ಹೆಂಗಸರು ಮಕ್ಕಳನ್ನು ಬಾಚಿಕೊಂಡು ಹಿಂದೆ ಸರಿದರು. ನ್ಯಾಗುದಿ ಎದ್ದು ನಿಂತ.

"ನನ್ನ ಮನೆಗೆ ಸಾವು ತಂದ್ಯಲ್ಲೇ ತಾಯಿ."

ಅವಳು ಅಧಿಕಾರಿಯ ಮುಂದೆ ಬಂದು ನಿಂತಳು. "ನನ್ನ ಗಂಡನ್ನ ಕ್ಷಯ ತಗೊಂಡೋಯ್ತು, ಮಾವ. ನನ್ನ ಹತ್ರ ಇದ್ದಿದ್ದು ಹೊಲ ಒಂದೇ. ಸಾರ್, ಅದರ ಹಕ್ಕುದಾರಳು ನಾನು. ಬರ್ಕೊಳ್ಳಿ."

ಅಧಿಕಾರಿ ನ್ಯಾಗುದಿಯ ಮುಖ ನೋಡಿದ.

"ಅವರನ್ನ ಯಾಕೆ ನೋಡ್ತೀರಿ? ಉತ್ತೋಳು ಇಲ್ಲಿದೀನಿ, ನನ್ನ ಕೇಳಿ" ಎಂದು ಅಂಗಳದ ನಡುವೆ ಕುಳಿತುಬಿಟ್ಟಳು.

ಅಧಿಕಾರಿ ಕಡತ ಬಿಡಿಸಿ ಅವಳ ಹೆಸರು ಕೇಳಿದ.