ಗಿಟ್ಲಜ್ಜಿಯ ಕೊಪ್ಪರಿಗೆ

ಹೆನ್ಯಾಗೆ ಆ ಕೊಪ್ಪರಿಗೆ ಕಂಡ್ರೆ ಆಗ್ತಿರಲಿಲ್ಲ. ಮದುವೆಯಾಗಿ ಇಪ್ಪತ್ತೆರಡು ವರ್ಷ, ಅಷ್ಟೂ ವರ್ಷ ಅದಕ್ಕೂ ಇವಳಿಗೂ ಜಗಳ. ಅವಳ ಅತ್ತೆ ಗಿಟ್ಲಜ್ಜಿ ತವರಿಂದ ತಂದ ತಾಮ್ರದ ಕೊಪ್ಪರಿಗೆ ಅದು. ಎಷ್ಟು ದೊಡ್ಡದು ಅಂತೀರಿ? ನೋಹ ಹಡಗು ಕಟ್ಟೋ ಕಷ್ಟ ಬಿಟ್ಟು ಇದನ್ನೇ ಇಸ್ಕೊಂಡಿದ್ರೆ, ಆನೆ ಒಂಟೆ ಎಲ್ಲಾ ಕಾಲು ಚಾಚ್ಕೊಂಡು ಮಲಗಬಹುದಿತ್ತು. ತೊಳೆಯೋಕೆ ಹೆನ್ಯಾ ಸೊಂಟದ ತನಕ ಒಳಗೆ ಇಳೀಬೇಕು. ಒಂದ್ಸಲ ಒಳಗಿಂದ ಗಂಡನ್ನ ಕೂಗಿದ್ಲಂತೆ, ಪಾಪ ಅವನು ಜೆರುಸಲೇಮಿನ ಓಣಿ ಓಣಿ ಎಲ್ಲಾ ಹುಡುಕಿಬಂದ.

ಆ ಶುಕ್ರವಾರ ಬೆಳಗ್ಗೆ ಹೆನ್ಯಾ ಹಟ ಹಿಡಿದ್ಲು. ಮಗಳು ಚಾರ್ನಾಗೆ ಗಂಡು ಗೊತ್ತಾಗಿ ಹತ್ತು ದಿನ ಆಗಿತ್ತು, ಮಾರನೇ ದಿನ ಸಬ್ಬತ್ ಮಧ್ಯಾಹ್ನಕ್ಕೆ ಬೀಗರು ಮೊದಲನೇ ಸಲ ಊಟಕ್ಕೆ ಬರೋರು. ಬೀಗಿತ್ತಿ ಬತ್ಯಾ ಅಂದ್ರೆ ಬಲು ನಾಜೂಕು, ಬಟಾಣಿ ಕಾಳನ್ನೂ ಹೋಳು ಮಾಡಿ ತಿನ್ನೋಳು ಅಂತ ಓಣಿ ಮಾತು.

"ಅತ್ತೆ, ಇವತ್ತು ನನ್ನ ಹೊಸ ಸ್ಟೀಲ್ ಪಾತ್ರೇಲಿ ಮಾಡ್ತೀನಿ. ಈ ಬಾವಿ ನೋಡಿದ್ರೆ ಬೀಗರು ನಮ್ಮನ್ನ ಹೊಟ್ಟೆಬಾಕರು ಅಂದ್ಕೊಳ್ಳಲ್ವಾ?"

"ಅಂದ್ಕೊಳ್ಲಿ. ಹಸಿದು ಎದ್ದುಹೋಗಿ ಜಿಪುಣರು ಅನ್ನೋದಕ್ಕಿಂತ ವಾಸಿ. ಆ ನಿನ್ನ ಪಾತ್ರೇಲಿ ಗುಬ್ಬಚ್ಚಿಗೆ ಸ್ನಾನ ಮಾಡಿಸು ಹೋಗು."

ಅತ್ತೆ ಗೆದ್ಲು. ಯಾವಾಗ್ಲೂ ಅವಳೇ ಗೆಲ್ಲೋದು. ದನದ ಮಾಂಸ, ಬೀನ್ಸ್ ಕಾಳು, ಬಾರ್ಲಿ, ಆಲೂಗಡ್ಡೆ ಎಲ್ಲಾ ಕೊಪ್ಪರಿಗೆಗೆ ಬಿತ್ತು. ಹೆನ್ಯಾ ಗೊಣಗ್ತಾ ಗೊಣಗ್ತಾ ಒಂದೊಂದೇ ಜಗ್ಗು ನೀರು ಎಣಿಸಿ ಸುರಿದ್ಲು. ಶುಕ್ರವಾರ ಹೊತ್ತು ಮುಳುಗಿದ್ರೆ ಸಬ್ಬತ್ ಶುರು, ಯೆಹೂದ್ಯರು ಶನಿವಾರ ಹೊತ್ತು ಮುಳುಗೋ ತನಕ ಅಡುಗೆ ಮಾಡೋ ಹಾಗಿಲ್ಲವಲ್ಲ, ಅದಕ್ಕೇ ಈ ಚೋಲೆಂಟ್ ಅನ್ನೋದು ಹಗಲೇ ಬೆಂದು, ರಾತ್ರಿಯೆಲ್ಲಾ ಸಣ್ಣ ಉರೀಲಿ ಕೂತು, ಶನಿವಾರ ಮಧ್ಯಾಹ್ನ ತಟ್ಟೆಗೆ ಬರ್ಬೇಕು.

ಮಧ್ಯಾಹ್ನ ಕೊಪ್ಪರಿಗೆ ಕುದೀತಿತ್ತು. ಗೋಡೇಲಿ ಎರಡು ಮೊಳೆ. ಎಡಗಡೆ ಕೆಂಪು ದಾರದ ಸೌಟು ಮಾಂಸಕ್ಕೆ, ಬಲಗಡೆ ನೀಲಿ ದಾರದ್ದು ಹಾಲಿಗೆ. ಎರಡೂ ಮರದ್ದು, ದೋಣಿ ಹುಟ್ಟಿನಷ್ಟು ದಪ್ಪ.

"ಅಲ್ಲಾ ಹೆನ್ಯಾ, ಉಪ್ಪು ಹಾಕಿದ್ಯಾ, ಇಲ್ಲಾ ಕಣ್ಣೀರೇ ಸಾಕು ಅಂತ ಬಿಟ್ಯಾ?" ಅಂತ ಹಿಂದಿಂದ ಅತ್ತೆ ಚುಚ್ಚಿದ್ಲು.

"ಹಾಕಿದೀನಿ! ನಿಮ್ಮ ಸಮುದ್ರಕ್ಕೆ ಒಂದು ಮೂಟೆ ಉಪ್ಪು ಬೇಕು!" ಅಂತ ಹೆನ್ಯಾ ಆ ಕಡೆ ತಿರುಗಿ ಉತ್ತರ ಕೊಡ್ತಾನೇ ಕೈ ಚಾಚಿ ಸೌಟು ತಗೊಂಡ್ಲು, ಕೊಪ್ಪರಿಗೆಗೆ ಇಳಿಸಿ ಮೂರು ಸುತ್ತು ತಿರುವಿದ್ಲು. ಆಮೇಲೆ ನೋಡ್ತಾಳೆ, ಕೈಯಲ್ಲಿ ನೀಲಿ ದಾರ!

ಬೆಳಗ್ಗೆ ತಾನೇ ಹಲ್ಲಿಲ್ಲದ ಅತ್ತೆಗೆ ಹಾಲಲ್ಲಿ ರವೆ ಗಂಜಿ ಕುದಿಸಿ ತಿರುವಿದ ಸೌಟು. ಮಾಂಸದ ಜೊತೆ ಹಾಲು ಸೇರಿದ್ರೆ ಧರ್ಮದ ಪ್ರಕಾರ ಮುಗೀತು, ನಾಯಿಗೂ ಹಾಕೋ ಹಾಗಿಲ್ಲ. ಅಂಗಡಿ ಬಾಗಿಲು ಹಾಕಿದ್ವು. ಬೀಗರಿಗೆ ಏನಿಡೋದು? ಉಪ್ಪಿನಕಾಯಿನಾ?

ಹೆನ್ಯಾ ಅಲ್ಲೇ ನೆಲದ ಮೇಲೆ ಕೂತುಬಿಟ್ಲು. "ನನ್ನ ಮಗಳ ಮದುವೆ ಮುರೀತು ಅತ್ತೆ!"

"ಮುರಿಯೋಕೆ ಅದೇನು ಹಪ್ಪಳನಾ? ಏಳು. ಚಾರ್ನಾ, ಆ ಕಡೆ ಹಿಡಿ. ರಬ್ಬಿಗಳ ಹತ್ರ ಹೋಗೋಣ, ತಿನ್ಬಹುದೋ ಇಲ್ವೋ ಶಾಸ್ತ್ರ ನೋಡಿ ಅವರೇ ಹೇಳ್ಲಿ."

"ಸೌಟು ಮಾತ್ರ ತಗೊಂಡುಹೋದ್ರೆ ಸಾಲ್ದಾ ಅಜ್ಜೀ?"

"ಡಾಕ್ಟರ ಹತ್ರ ಚಪ್ಪಲಿ ಕಳಿಸಿ ಜ್ವರ ತೋರಿಸ್ತಾರೇನೇ? ಎತ್ತು!"

ತಾಯಿ ಮಗಳು ಬಟ್ಟೆ ಸುತ್ತಿ ಆ ಕಡೆ ಈ ಕಡೆ ಹಿಡಿದ್ರು. ಮುಂದೆ ಗಿಟ್ಲಜ್ಜಿ, ಸೌಟನ್ನ ಕತ್ತಿ ಹಾಗೆ ಎತ್ತಿಕೊಂಡು, "ದಾರಿ ಬಿಡ್ರೀ, ಪ್ರಶ್ನೆ ಬರ್ತಿದೆ!" ಅಂತ ಕೂಗ್ತಾ ಅಂಗಳ ದಾಟಿದ್ಲು. ಬಟ್ಟೆ ಒಣಗಹಾಕೋರು, ಬಾಗಿಲು ಒರೆಸೋರು ಎಲ್ಲಾ ಹಿಂದೆ ಬಂದ್ರು. ಕೆಂಪು ಸಮುದ್ರ ದಾಟಿದಾಗ್ಲೂ ಅಷ್ಟು ಜನ ಇದ್ರೋ ಇಲ್ವೋ.

ರಬ್ಬಿ ಜಲ್ಮನ್ ಗಡ್ಡ ಬಾಚ್ಕೊಳ್ತಿದ್ರು. ಕೊಪ್ಪರಿಗೆ ನೋಡಿ ಎದ್ದು ನಿಂತ್ರು.

"ಯಾರು ಒಳಗೆ ಬಿದ್ರಮ್ಮಾ?"

"ಸೌಟು ಬಿತ್ತು ರಬ್ಬಿಗಳೇ," ಅಂದ್ಲು ಹೆನ್ಯಾ, ಬಿಕ್ಕುತ್ತಾ ಎಲ್ಲಾ ಹೇಳಿದ್ಲು.

"ಎಷ್ಟು ದೂರ ಇಳೀತು?"

"ಕುತ್ತಿಗೆ ತನಕ."

ರಬ್ಬಿಗಳು ಒಂದು ಚೆಂಬು ತುಳುಕೋ ಹಾಗೆ ನೀರು ತುಂಬಿಸಿ ತಟ್ಟೇಲಿ ಇಟ್ರು. ಸೌಟನ್ನ ಕುತ್ತಿಗೆ ತನಕ ಅದ್ದಿದ್ರು. ತಟ್ಟೆಗೆ ಚೆಲ್ಲಿದ ನೀರನ್ನ ಟೀ ಲೋಟಕ್ಕೆ ಬಗ್ಗಿಸಿದ್ರೆ ಸರಿಯಾಗಿ ಒಂದು ಲೋಟ!

"ಸೌಟು ಹೀರಿದ ಹಾಲು ಹೆಚ್ಚಂದ್ರೆ ಅದರ ಗಾತ್ರದಷ್ಟು, ಅಂದ್ರೆ ಈ ಒಂದು ಲೋಟ. ಇಂಥಾ ಅರವತ್ತು ಲೋಟ ಕೊಪ್ಪರಿಗೇಲಿ ಇದ್ರೆ ಹಾಲು ಇದ್ದೂ ಇಲ್ಲದ ಹಾಗೆ. ಒಂದು ಲೋಟ ಕಮ್ಮಿ ಆದ್ರೂ ಚೆಲ್ಲಬೇಕು. ನೀರು ಎಷ್ಟು ಸುರಿದ್ರಿ?"

"ಅರವತ್ತಾ? ಆರು ಸಾವಿರ ಇದೆ!" ಅಂದ್ಲು ಗಿಟ್ಲಜ್ಜಿ.

"ನೀವು ಸುಮ್ನಿರಿ ಗಿಟ್ಲಮ್ಮ. ನಿಮ್ಮ ಲೆಕ್ಕದಲ್ಲಿ ನಿಮಗೇ ಮುನ್ನೂರು ವರ್ಷ."

ಹೆನ್ಯಾ ಕಣ್ಣೊರೆಸ್ಕೊಂಡ್ಲು. ಬೈಕೊಂಡು ಬೈಕೊಂಡು ಎಣಿಸಿದ್ದಲ್ವಾ, ಮರೆಯೋದುಂಟಾ? "ಎಂಟು ಜಗ್ಗು."

ಚಾರ್ನಾ ಓಡಿಹೋಗಿ ಜಗ್ಗು ತಂದ್ಲು. ರಬ್ಬಿಗಳ ಹೆಂಡತಿ ಅದರ ತುಂಬಾ ನೀರು ಹಿಡಿದು ಲೋಟದಿಂದ ಅಳೆದ್ಲು. ಹದಿನಾರು ಲೋಟ.

"ಹದಿನಾರು ಎಂಟ್ಲಿ ನೂರ ಇಪ್ಪತ್ತೆಂಟು," ಅಂದ್ರು ರಬ್ಬಿಗಳು. "ಕುದ್ದು ಅಷ್ಟಿಷ್ಟು ಆರಿರಲಿ, ಮಾಂಸ ಕಾಳು ಎಣಿಸೋದೇ ಬೇಡ. ಕೋಷರ್, ಕೋಷರ್, ಕೋಷರ್! ಶಾಸ್ತ್ರಕ್ಕೆ ಸರಿಯಾಗಿದೆ, ಸಂತೋಷವಾಗಿ ಉಣ್ಣಿ. ಆ ಸೌಟು ಮಾತ್ರ ಇನ್ನು ಹಾಲಿಗೂ ಬೇಡ, ಮಾಂಸಕ್ಕೂ ಬೇಡ."

"ಸೊಸೆಗೆ ಬೇಕಾಗುತ್ತೆ ಬಿಡಿ," ಅಂದ್ಲು ಗಿಟ್ಲಜ್ಜಿ, ಸೌಟು ಬೀಸಿ ತೋರಿಸ್ತಾ. ಅಂಗಳಕ್ಕೆ ಅಂಗಳವೇ ನಕ್ಕಿದ್ದಕ್ಕೆ ಪಾರಿವಾಳ ಎಲ್ಲಾ ಹಾರಿಹೋದ್ವು.

ಹೆನ್ಯಾ ನಗಲಿಲ್ಲ. ಮನಸ್ಸಲ್ಲೇ ಇನ್ನೊಂದು ಲೆಕ್ಕ ಹಾಕ್ತಿದ್ಲು. ಅವಳ ಹೊಸ ಸ್ಟೀಲ್ ಪಾತ್ರೆ ಹಿಡಿಯೋದು ಮೂರೇ ಜಗ್ಗು. ಹದಿನಾರು ಮೂರ್ಲಿ ನಲವತ್ತೆಂಟು.

"ಅತ್ತೆ," ಅಂದ್ಲು ಮೆಲ್ಲಗೆ, ಮನೆ ಕಡೆ ಕೊಪ್ಪರಿಗೆ ಹೊತ್ಕೊಂಡು ಬರ್ತಾ. "ನನ್ನ ಪಾತ್ರೇಲಿ ಮಾಡಿದ್ರೆ..."

"ಗೊತ್ತು ಕಣೆ. ನಾನೂ ಎಣಿಸಿದೆ. ಹೇಳೋದು ಬೇಡ ಅಂತ ಇದ್ದೆ, ನೀನಾಗೇ ಹೇಳಿದ್ಯಲ್ಲ, ಇನ್ನು ಸಾಯೋ ತನಕ ಹೇಳ್ತಿರ್ತೀನಿ."

ಆಗ ನಕ್ಕಳು ನೋಡಿ ಹೆನ್ಯಾ. ಕೊಪ್ಪರಿಗೆ ಅಲ್ಲಾಡಿ ಚೆಲ್ಲೋ ಹಾಗಾಗಿ, ಚಾರ್ನಾ "ಅಮ್ಮಾ, ಅರವತ್ತು ಲೋಟನಾದ್ರೂ ಉಳ್ಸು!" ಅಂತ ಕೂಗಿದ್ಲು.

ಮಾರನೇ ದಿನ ನಾಜೂಕಿನ ಬತ್ಯಾ ಮೂರು ತಟ್ಟೆ ತಿಂದ್ಲು. ಬೀನ್ಸ್ ಕಾಳು ಹೋಳು ಮಾಡೋದಿರಲಿ, ಅಗಿದಳೋ ಇಲ್ವೋ. ಆಮೇಲೆ ಅಡುಗೆಮನೆಗೆ ಬಂದು ಕೊಪ್ಪರಿಗೆ ಮುಂದೆ ನಿಂತ್ಕೊಂಡ್ಲು. ಹೊಟ್ಟೆಬಾಕರು ಅಂತಾಳೇನೋ ಅಂತ ಹೆನ್ಯಾ ಹಿಂದೇನೇ ಬಂದ್ಲು.

"ಅಯ್ಯೋ, ಇಂಥದ್ದೇ ನಮ್ಮನೇಲೂ ಇದೆ! ನಮ್ಮತ್ತೇದು. ಇದಕ್ಕಿಂತ ಒಂದು ಗೇಣು ದೊಡ್ಡದೇ. ಸೊಸೆ ಬಂದಮೇಲೆ ಅವಳಿಗೆ ಕೊಡೋಣ ಅಂತ ಇಟ್ಟಿದೀನಿ."

ಚಾರ್ನಾ ಮುಖ ಇಷ್ಟೇ ಇಷ್ಟಾಯ್ತು. ಅಮ್ಮನ ತೋಳು ಜಗ್ಗಿ, "ಅಮ್ಮಾ, ಬೇಡ ಅನ್ನು," ಅಂತ ಪಿಸುಗುಟ್ಟಿದ್ಲು.

ಹೆನ್ಯಾ ಮಗಳ ಕೆನ್ನೆ ಹಿಂಡಿದ್ಲು. "ಬಾಯಿ ಮುಚ್ಕೊಂಡು ತಗೊಳ್ಳೇ! ತೊಳೆಯೋಕೆ ಒಳಗೆ ಇಳಿಯೋವಾಗ ಗಂಡನಿಗೆ ಹೇಳಿ ಇಳಿ, ಅಷ್ಟೇ."